ಬಡ್ಡಿಯಿಲ್ಲದ ಐನೂರು ರೂಪಾಯಿ

ಚೆಟ್ಟಳ್ಳಿ ಕಡೆಯ ಬೋಜಪ್ಪನ ಮನೆಗೆ ಹುಲ್ಲಿನ ಮಾಡು. ವರ್ಷ ವರ್ಷ ಹುಲ್ಲು ಕೊಯ್ಯಬೇಕು, ಹೊರಬೇಕು, ಹೊದಿಸಬೇಕು. ಹೊದಿಸುವವರಿಗೆ ಕೂಲಿ ಕೊಡಬೇಕು, ಊಟ ಹಾಕಬೇಕು. ಇಷ್ಟೆಲ್ಲ ಮಾಡಿದರೂ ಮಳೆಗಾಲದಲ್ಲಿ ಸರಿಯಾಗಿ ಒಲೆಯ ಮೇಲೇ ಸೋರುತ್ತದೆ. ಹೋದ ವರ್ಷ ಕಿಡಿ ಹಾರಿ ಮಾಡಿನ ಒಂದು ಮೂಲೆ ಹೊತ್ತಿಕೊಂಡಿತ್ತು. ಬೋಜಪ್ಪನ ಹೆಂಡತಿ ಬೊಳ್ಳಮ್ಮ ಕೊಡದಲ್ಲಿದ್ದ ನೀರನ್ನೆಲ್ಲ ಎರಚಿ ಆರಿಸಿದ್ದಳು. ಹಾಗಾಗಿ ಮನೆಗೆ ಮಂಗಳೂರು ಹಂಚು ಹಾಕಿಸಬೇಕೆಂಬ ಆಸೆ ಗಂಡನಿಗಿಂತ ಅವಳಿಗೇ ಒಂದು ಹಿಡಿ ಹೆಚ್ಚು.

ಇದನ್ನು ಮೊದಲೇ ಹೇಳಿಬಿಡಬೇಕು. ಯಾಕೆಂದರೆ ಆಮೇಲೆ ಕೆಲವರು, "ಬೊಳ್ಳಮ್ಮನಿಗೆ ಹೊಸ ಮಾಡೇ ಬೇಡವಾಗಿತ್ತು, ಅದಕ್ಕೇ ಜಗಳ ತೆಗೆದಳು" ಎಂದು ಊರೆಲ್ಲ ಹೇಳಿಕೊಂಡು ತಿರುಗಿದರು. ಅದು ಶುದ್ಧ ಸುಳ್ಳು.

ಒಂದು ಸೋಮವಾರ ಬೋಜಪ್ಪ ಮಡಿಕೇರಿಯಿಂದ ಬಂದ. ಮುಖದ ತುಂಬ ಮದುಮಗನ ಕಳೆ. ಜಗಲಿ ಹತ್ತುವ ಮೊದಲೇ ಕೂಗಿದ.

"ಬೊಳ್ಳಮ್ಮ, ಆಯ್ತು ನೋಡು! ಐನೂರು ರೂಪಾಯಿ ಸಿಕ್ತು. ಬಡ್ಡಿ ಒಂದು ಕಾಸೂ ಇಲ್ಲ!"

"ಬಡ್ಡಿ ಇಲ್ವಾ? ಯಾರಪ್ಪ ಆ ಪುಣ್ಯಾತ್ಮ?"

"ಹಣ್ಣಿನ ಸಾಹುಕಾರ ಕುಶಾಲಪ್ಪ. ಶುಕ್ರವಾರ ಹೋಗಿ ಪತ್ರ ರಿಜಿಸ್ಟ್ರಿ ಮಾಡಿಸಿದ್ರೆ ಅಲ್ಲೇ ಎಣಿಸಿ ಕೊಡ್ತಾರೆ. ಹಂಚಿನ ಗಾಡಿಗೂ ಹೇಳಿ ಬಂದೆ."

"ಅದರಲ್ಲಿ ಅವರಿಗೆಂತ ಲಾಭ?"

"ಎಂತದೂ ಇಲ್ಲ ಮಾರಾಯ್ತಿ. ಹಿತ್ತಲಿನ ಕಿತ್ತಳೆ ಉಂಟಲ್ಲ, ಅದನ್ನ ಕೊಯ್ಕೊಳ್ತಾರೆ. ಅಷ್ಟೇ. ನಾವು ಅಸಲು ಕೊಟ್ಟ ದಿನ ಮರ ನಮ್ಮದೇ."

"ಎಷ್ಟು ವರ್ಷ ಕೊಯ್ತಾರೆ?"

"ಅಸಲು ಕೊಡೋವರೆಗೆ."

"ಅಸಲು ಎಲ್ಲಿಂದ ಕೊಡ್ತೀರಿ?"

ಬೋಜಪ್ಪನಿಗೆ ಸಿಟ್ಟು ಬಂತು. ಒಳ್ಳೆಯ ಸುದ್ದಿ ತಂದವನಿಗೆ ಒಂದು ಲೋಟ ಕಾಫಿಯನ್ನಾದರೂ ಕೊಡದೆ ಹೀಗೆ ವಕೀಲರಂತೆ ಪ್ರಶ್ನೆ ಹಾಕುವುದಾ? "ಕೊಡೋದು ಕೊಡ್ತೇವೆ, ಅದಕ್ಕೆ ಈಗಲೇ ಯಾಕೆ ಗಡಿಬಿಡಿ?" ಎಂದು ಬಚ್ಚಲಿಗೆ ಹೋದ. ಬೊಳ್ಳಮ್ಮ ಅಲ್ಲೇ ನಿಂತು ಹಿತ್ತಲಿನ ಕಡೆ ನೋಡಿದಳು.

ಹಿತ್ತಲಲ್ಲಿ ನಲವತ್ತು ಕಿತ್ತಳೆ ಮರ. ವರ್ಷಕ್ಕೆ ಎರಡು ಸಲ ಹಣ್ಣು. ಆದರೆ ಆ ಮನೆಯವರು ಒಂದು ಹಣ್ಣನ್ನೂ ಮಾರಿದವರಲ್ಲ. ಮನೆಯ ಹಿತ್ತಲಿನ ಹಣ್ಣು ಮಾರುವುದು ಮರ್ಯಾದೆಯಲ್ಲ ಎಂದು ಬೋಜಪ್ಪನ ಅಪ್ಪ ಹೇಳುತ್ತಿದ್ದರಂತೆ. ದಾರಿಯಲ್ಲಿ ಹೋಗುವವರು ಕಿತ್ತು ತಿನ್ನುತ್ತಿದ್ದರು. ನೆಂಟರು ಹೊತ್ತುಕೊಂಡು ಹೋಗುತ್ತಿದ್ದರು. ಮನೆಯ ಹೆಣ್ಣುಮಕ್ಕಳು ತವರಿಗೆ ಬಂದು ಹೋಗುವಾಗ ಎರಡು ಕುಕ್ಕೆ ತುಂಬಿಸಿ ಕೊಡಲೇಬೇಕು, ಅದು ಕಟ್ಟುಪಾಡು. ಉಳಿದದ್ದನ್ನು ದನ ತಿನ್ನುತ್ತಿತ್ತು, ಇಲ್ಲವಾದರೆ ಮರದಡಿಯಲ್ಲೇ ಕೊಳೆಯುತ್ತಿತ್ತು. ಭತ್ತಕ್ಕೆ ಲೆಕ್ಕ ಉಂಟು, ಕಾಫಿಗೆ ಲೆಕ್ಕ ಉಂಟು, ಕಿತ್ತಳೆಗೆ ಲೆಕ್ಕ ಇಟ್ಟವರು ಆ ಮನೆಯಲ್ಲಿ ಯಾರೂ ಇಲ್ಲ. ಹಾಗಾಗಿಯೇ ಬೋಜಪ್ಪನಿಗೆ ಅದು ದುಡ್ಡು ಎಂದು ಅನ್ನಿಸಲೇ ಇಲ್ಲ.

ಕುಟುಂಬದವರೆಲ್ಲರಿಗೂ ಸೇರಿದ ಜಮ್ಮಾ ಜಾಗವಾಗಿದ್ದರೆ ಅಡ ಇಡಲು ಸರ್ಕಾರದ ಕಾಯಿದೆಯೇ ಬಿಡುತ್ತಿರಲಿಲ್ಲ. ಮನೆಯೂ ಹಿತ್ತಲೂ ಇದ್ದದ್ದು ಪೂರ್ತಿ ಕಂದಾಯ ಕಟ್ಟುವ ಸಾಗು ಜಾಗದಲ್ಲಿ. ಪಟ್ಟೆ ಬೋಜಪ್ಪನ ಹೆಸರಲ್ಲಿ. ತಡೆಯುವವರು ಯಾರೂ ಇಲ್ಲ, ಹೆಂಡತಿಯೊಬ್ಬಳನ್ನು ಬಿಟ್ಟರೆ.

ಮರುದಿನ ಬೊಳ್ಳಮ್ಮ ದೇರಪ್ಪನಿಗೆ ಹೇಳಿಕಳಿಸಿದಳು. ದೇರಪ್ಪ ಅವಳ ಚಿಕ್ಕಪ್ಪನ ಮಗ. ಸಹಕಾರ ಸಂಘದಲ್ಲಿ ಕಾರ್ಯದರ್ಶಿ. ಸಾಲದ ಪತ್ರಗಳನ್ನು ಓದಿ ಓದಿ ಅವನ ಹುಬ್ಬು ಯಾವಾಗಲೂ ಗಂಟಿಕ್ಕಿಕೊಂಡೇ ಇರುತ್ತದೆ. ಸಂಜೆ ಸೈಕಲಲ್ಲಿ ಬಂದ, ಕಾಫಿ ಕುಡಿದ, ಕೈ ಚಾಚಿದ.

"ಭಾವ, ಪತ್ರದ ಕರಡು ಕೊಡಿ."

ಬೋಜಪ್ಪ ಒಲ್ಲದ ಮನಸ್ಸಿನಿಂದ ಕೊಟ್ಟ. ದೇರಪ್ಪ ಗಟ್ಟಿಯಾಗಿ ಓದಿದ.

"'ನಲವತ್ತು ಮರಗಳಿಂದ ವರ್ಷಕ್ಕೆ ಇಪ್ಪತ್ತು ಸಾವಿರ ಹಣ್ಣು ಸಾಹುಕಾರರಿಗೆ ಸಲ್ಲತಕ್ಕದ್ದು. ಕಡಿಮೆ ಬಿದ್ದಲ್ಲಿ ಕೊರತೆಯ ಬೆಲೆಯನ್ನು ಅಸಲಿಗೆ ಸೇರಿಸತಕ್ಕದ್ದು. ಸಾಲ ತೀರುವ ತನಕ ಮನೆಯೂ ಹಿತ್ತಲೂ ಆಧಾರ.' ಭಾವ, ಇದನ್ನ ನಿಮಗೆ ಓದಿ ಹೇಳಿದ್ರಾ?"

"ಹೇಳಿದ್ರು. ಇಪ್ಪತ್ತು ಸಾವಿರ ಹಣ್ಣು ಧಾರಾಳ ಬರ್ತದೆ. ಅದರಲ್ಲೆಂತ?"

"ನೂರು ಹಣ್ಣಿಗೆ ಈಗ ಎಷ್ಟು ನಡೀತಾ ಉಂಟು ಗೊತ್ತುಂಟಾ?"

"ನಾನು ಹಣ್ಣಿನ ವ್ಯಾಪಾರಿಯಾ?"

"ಹತ್ತಾಣೆ. ಮರದ ಬುಡದಲ್ಲೇ ಹತ್ತಾಣೆ. ಇಪ್ಪತ್ತು ಸಾವಿರಕ್ಕೆ ನೂರ ಇಪ್ಪತ್ತೈದು ರೂಪಾಯಿ. ಅದು ಒಂದು ವರ್ಷಕ್ಕೆ. ಹತ್ತು ವರ್ಷಕ್ಕೆ ಸಾವಿರದ ಇನ್ನೂರ ಐವತ್ತು. ಹತ್ತು ವರ್ಷ ಆದ ಮೇಲೂ ಅಸಲು ಐನೂರು ಹಾಗೇ ಕೂತಿರ್ತದೆ. ಅದನ್ನೂ ಕೊಡ್ಬೇಕು. ಒಟ್ಟು ಸಾವಿರದ ಏಳ್ನೂರ ಐವತ್ತು ರೂಪಾಯಿ ಭಾವ! ಐನೂರರ ಮಾಡಿಗೆ!"

ಕಾಫಿ ಲೋಟ ಎತ್ತಲು ಬಗ್ಗಿದ ಬೊಳ್ಳಮ್ಮ ಅಲ್ಲೇ ಕೂತುಬಿಟ್ಟಳು. ಬೋಜಪ್ಪ ಮಾತ್ರ ಎಲೆಗೆ ಸುಣ್ಣ ಹಚ್ಚುತ್ತ ಕೂತಿದ್ದ.

"ನಮ್ಮ ಜೇಬಿಂದ ಎಂತ ಹೋಗ್ತದೆ ದೇರಪ್ಪ? ಕೊಳೆತು ಹೋಗೋ ಹಣ್ಣಲ್ವಾ?"

"ಸಂಘದಲ್ಲಿ ತೊಗೊಳ್ಳಿ. ನೂರಕ್ಕೆ ವರ್ಷಕ್ಕೆ ಒಂಬತ್ತು ರೂಪಾಯಿ ಬಡ್ಡಿ. ವರ್ಷಕ್ಕೆ ಐವತ್ತು ಅಸಲು ಕಟ್ಟಿ. ಉಳಿದ ಅಸಲಿಗೆ ಮಾತ್ರ ಬಡ್ಡಿ. ಮೊದಲನೇ ವರ್ಷ ನಲವತ್ತೈದು ಬಡ್ಡಿ, ಆಮೇಲೆ ವರ್ಷ ವರ್ಷ ನಾಲ್ಕೂವರೆ ಕಡಿಮೆ. ಹತ್ತು ವರ್ಷಕ್ಕೆ ಅಸಲೂ ಬಡ್ಡಿಯೂ ಸೇರಿ ಏಳ್ನೂರ ನಲವತ್ತೇಳೂವರೆ. ಮುಗೀತು. ಪತ್ರ ವಾಪಸ್."

"ಮೊದಲನೇ ವರ್ಷ ಎಷ್ಟು ಕಟ್ಬೇಕು?"

"ತೊಂಬತ್ತೈದು."

"ಕೇಳಿದ್ಯಾ ಬೊಳ್ಳಮ್ಮ? ತೊಂಬತ್ತೈದು ರೂಪಾಯಿ ರೊಕ್ಕ ನಿನ್ನ ತಮ್ಮ ಎಣಿಸಿ ಇಡು ಅಂತಾನೆ! ಸಾಹುಕಾರ ಒಂದು ಬಿಡಿಗಾಸು ಕೇಳೋದಿಲ್ಲ. ಯಾವುದು ಸುಲಭ?"

"ಆ ಹಣ್ಣನ್ನ ನೀವೇ ಮಾರಿ ಭಾವ. ನೂರ ಇಪ್ಪತ್ತೈದು ಬರ್ತದೆ. ತೊಂಬತ್ತೈದು ಸಂಘಕ್ಕೆ ಕಟ್ಟಿ, ಮೂವತ್ತು ನೀವೇ ಇಟ್ಕೊಳ್ಳಿ."

"ಹಿತ್ತಲಿನ ಹಣ್ಣು ಮಾರಿ ಸಾಲ ತೀರಿಸೋದಾ? ನಮ್ಮ ಮನೆತನದಲ್ಲಿ ಅಂಥದ್ದು ನಡೆದದ್ದಿಲ್ಲ."

ಬೊಳ್ಳಮ್ಮನಿಗೆ ತಡೆಯಲಾಗಲಿಲ್ಲ. "ಮತ್ತೆ ಈಗ ಮಾಡ್ತಾ ಇರೋದೆಂತ? ಒಂದು ವರ್ಷದ್ದಲ್ಲ, ಹತ್ತು ವರ್ಷದ ಹಣ್ಣನ್ನ ಒಟ್ಟಿಗೆ ಮಾರ್ತಾ ಇದ್ದೀರಿ. ಅದೂ ಬೆಲೆ ಕೇಳದೆ!"

"ಸಂಘದಲ್ಲಿ ಜಾಮೀನಿಗೆ ಇಬ್ಬರು ಬೇಕಂತೆ," ಬೋಜಪ್ಪ ಮಾತು ತಿರುಗಿಸಿದ. "ನೆರೆಮನೆ ಮೊಣ್ಣಪ್ಪನ ಹತ್ರ ಹೋಗಿ ರುಜು ಹಾಕು ಅಂತ ಕೈ ಮುಗೀಬೇಕಾ? ಹತ್ತು ಜನ ಮೆಂಬರುಗಳು ಕೂತು ನನ್ನ ಮನೆ ವಿಷಯ ಮಾತಾಡ್ಬೇಕಾ? ಸಾಹುಕಾರರಿಗೆ ನನ್ನ ಮಾತೇ ಸಾಕು."

ದೇರಪ್ಪ ಕರಡನ್ನು ಜಗಲಿಯ ಮೇಲಿಟ್ಟು ಎದ್ದ. "ಮಾತು ಸಾಕಾಗಿದ್ರೆ ಮನೆ ಯಾಕೆ ಬರೆಸ್ಕೊಳ್ತಾರೆ? ಕುಶಾಲಪ್ಪನವರು ಮೋಸಗಾರರಲ್ಲ ಭಾವ. ಬರೆದದ್ದನ್ನೇ ಕೇಳ್ತಾರೆ, ಬರೆದದ್ದನ್ನೆಲ್ಲ ಕೇಳ್ತಾರೆ. ನಾಳೆ ಮರಕ್ಕೆ ರೋಗ ಬಂದು ಹಣ್ಣು ಅರ್ಧಕ್ಕೆ ಇಳಿದ್ರೆ ಸಾಲ ಏರ್ತಾ ಹೋಗ್ತದೆ. ಮನೆ ನಿಮ್ಮದು, ತಲೆ ನಿಮ್ಮದು. ನನಗೆ ಹೇಳಿ ಹೇಳಿ ಸಾಕಾಗಿದೆ." ಹೀಗೆಂದವನೇ ಸೈಕಲ್ ಹತ್ತಿದ. ಊಟಕ್ಕೂ ನಿಲ್ಲಲಿಲ್ಲ.

ಆ ರಾತ್ರಿ ಬೊಳ್ಳಮ್ಮನ ಮೈಯೆಲ್ಲ ಉರಿಯುತ್ತಿತ್ತು. ಲೆಕ್ಕ ಗೊತ್ತಿಲ್ಲದವನಿಗೆ ಹೇಳಿಕೊಡಬಹುದು. ಹತ್ತು ವರ್ಷದ ಲೆಕ್ಕ ಎದುರಿಗಿಟ್ಟರೂ ಮೊದಲನೇ ವರ್ಷದ ತೊಂಬತ್ತೈದನ್ನೇ ನೋಡಿ ಹೆದರುವವನಿಗೆ ಎಂತ ಹೇಳುವುದು? ಕಣ್ಣಿಗೆ ಕಾಣುವ ತೊಂಬತ್ತೈದು ಅವನಿಗೆ ಹುಲಿ. ಕಾಣದ ಸಾವಿರದ ಇನ್ನೂರ ಐವತ್ತು ಏನೂ ಅಲ್ಲ. ಮಗಳು ಪ್ರೇಮಾವತಿಗೆ ಈಗ ಒಂಬತ್ತು ವರ್ಷ. ಹತ್ತು ವರ್ಷ ಕಳೆಯುವಷ್ಟರಲ್ಲಿ ಅವಳು ಮದುವೆಯಾಗಿ ತವರಿಗೆ ಬರುವವಳಾಗಿರುತ್ತಾಳೆ. ಆಗಲೂ ಮರ ಸಾಹುಕಾರರದ್ದೇ ಆಗಿದ್ದರೆ, ಮನೆಯೇ ಹೋಗಿದ್ದರೆ, ಅವಳು ಬರುವುದೆಲ್ಲಿಗೆ? ಬೊಳ್ಳಮ್ಮನಿಗೆ ಅಳು ಬಂತು. ಅತ್ತರೆ ಗಂಡ ಗೆದ್ದ ಹಾಗಾಗುತ್ತದೆ ಎಂದು ಅದನ್ನೂ ನುಂಗಿಕೊಂಡಳು.

ಬುಧವಾರ ಸಂಜೆ ಬೋಜಪ್ಪನ ಅಕ್ಕ ಯಮುನ ಗಂಡನ ಊರಾದ ಕರಿಕೆಯಿಂದ ಬಂದಳು. ವರ್ಷಕ್ಕೊಮ್ಮೆ ಕಿತ್ತಳೆ ಸಮಯಕ್ಕೆ ಬಂದು ಎರಡು ದಿನ ಇದ್ದು ಹೋಗುವುದು ಅವಳ ರೂಢಿ. ಈ ಸಲ ಒಂದೇ ರಾತ್ರಿ ಇದ್ದಳು. ಉಂಡದ್ದೂ ಕಡಿಮೆ, ಮಾತಾಡಿದ್ದೂ ಕಡಿಮೆ. ಗುರುವಾರ ಬೆಳಿಗ್ಗೆ ಹೊರಟು ನಿಂತಳು.

ಬೋಜಪ್ಪ ಒಳಗೆ ನೋಡಿ ಕೂಗಿದ. "ಬೊಳ್ಳಮ್ಮ, ಅಕ್ಕನಿಗೆ ಎರಡು ಕುಕ್ಕೆ ಹಣ್ಣು ತುಂಬ್ಸು. ಬಸ್ಸಿಗೆ ಹೊತ್ತಾಯ್ತು."

ಬೊಳ್ಳಮ್ಮ ಬಾಗಿಲಿಗೆ ಬಂದು ಸೊಂಟಕ್ಕೆ ಕೈ ಕೊಟ್ಟು ನಿಂತಳು. "ಯಾರ ಹಣ್ಣು?"

"ಯಾರ ಹಣ್ಣು ಅಂದ್ರೆ? ನಮ್ಮ ಹಣ್ಣು!"

"ಸಾಹುಕಾರರ ಹಣ್ಣು. ಇಪ್ಪತ್ತು ಸಾವಿರಕ್ಕೆ ಎರಡು ಕುಕ್ಕೆ ಕಡಿಮೆ ಬಿದ್ರೆ ಅಸಲಿಗೆ ಸೇರಿಸ್ತಾರಂತೆ. ನಾನು ಕೊಡೋದಿಲ್ಲ."

"ಪತ್ರ ಇನ್ನೂ ಆಗಿಲ್ಲ!"

"ನಾಳೆ ಆಗ್ತದಲ್ಲ? ಬರೋ ವರ್ಷ ಅತ್ತಿಗೆ ಬಂದಾಗ ಹೇಳೋ ಮಾತನ್ನ ಈ ವರ್ಷವೇ ಹೇಳಿ ಅಭ್ಯಾಸ ಮಾಡ್ಕೊಳ್ತೇನೆ. ನೀವೂ ಹೇಳಿ ನೋಡಿ. ಬಾಯಿ ಬರ್ತದಾ?"

ಬೋಜಪ್ಪನ ಮುಖ ಕೆಂಪಾಯಿತು. ತವರಿಗೆ ಬಂದ ಅಕ್ಕನ ಎದುರು ಇಂಥ ಮಾತು! "ನಿನಗೆ ತಲೆ ಕೆಟ್ಟಿದೆಯಾ? ಎರಡು ಕುಕ್ಕೆ ಹಣ್ಣಿಗೆ ನನ್ನ ಮಾನ ಕಳೀತಿಯಲ್ಲ! ಎಷ್ಟಾಗ್ತದೆ ಅದು? ಎರಡೂವರೆ ರೂಪಾಯಿ! ನಾನೇ ಜೇಬಿಂದ ಹಾಕ್ತೇನೆ, ತುಂಬ್ಸು!"

ಮೊನ್ನೆ ಬೆಲೆಯೇ ಗೊತ್ತಿಲ್ಲ ಎಂದವನು ಈಗ ತನ್ನ ಬಾಯಿಂದಲೇ ಹೇಳಿಬಿಟ್ಟಿದ್ದ. ಬೊಳ್ಳಮ್ಮ ಏನೋ ಹೇಳಲು ಬಾಯಿ ತೆರೆದಳು. ಅಷ್ಟರಲ್ಲಿ ಯಮುನ ಜಗಲಿಯ ಮೇಲೆ ತಿರುಗಿ ಬಂದು ಕೂತಳು.

"ಎಂತ ಪತ್ರ ಬೋಜ? ಭೋಗ್ಯದ ಪತ್ರವಾ?"

"ಹೌದಕ್ಕ. ಮಾಡಿಗೆ ಹಂಚು ಹಾಕ್ಸೋಕೆ. ಬಡ್ಡಿ ಇಲ್ಲ, ಹಣ್ಣು ಮಾತ್ರ..."

"ನಿನ್ನ ಭಾವನೂ ಹಾಗೇ ಹೇಳಿದ್ರು. ಬಡ್ಡಿ ಇಲ್ಲ, ಮೆಣಸು ಮಾತ್ರ ಅಂತ."

ಅವಳು ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ ಹೇಳಿದಳು. ಎಂಟು ವರ್ಷದ ಹಿಂದೆ ಮನೆಯ ಗೋಡೆ ಬಿದ್ದಾಗ ಅವಳ ಗಂಡ ಮನೆಯನ್ನೂ ಸುತ್ತಲಿನ ಮೆಣಸಿನ ಬಳ್ಳಿಗಳನ್ನೂ ಬರೆದುಕೊಟ್ಟು ಮುನ್ನೂರು ರೂಪಾಯಿ ತಂದಿದ್ದ. ಎರಡು ವರ್ಷ ಎಲ್ಲ ಸರಿ ಇತ್ತು. ಆಮೇಲೆ ಬಳ್ಳಿಗಳು ಹಳದಿಯಾಗಿ ಒಣಗತೊಡಗಿದವು. ಕಡಿಮೆ ಬಿದ್ದ ಮೆಣಸಿನ ಬೆಲೆ ಅಸಲಿಗೆ ಸೇರಿತು.

"ಈಗ ಸಾರಿಗೆ ಹಾಕೋ ಮೆಣಸನ್ನೂ ಅಂಗಡಿಯಿಂದ ತರ್ತೇನೆ. ನೀನು ಕೊಡೋ ಹಣ್ಣನ್ನ ನನ್ನ ಮಕ್ಕಳು ತಿಂದೇ ಇಲ್ಲ ಬೋಜ. ಭಾಗಮಂಡಲದಲ್ಲಿ ಇಳಿದು ಅಲ್ಲೇ ಮಾರಿಬಿಡ್ತೇನೆ. ಮೂರು ರೂಪಾಯಿ ಸಿಗ್ತದೆ. ವರ್ಷದ ಉಪ್ಪು, ಮಕ್ಕಳ ಬಟ್ಟೆ ಅದರಲ್ಲೇ."

"ನನಗೆ ಹೇಳ್ಬಾರದಿತ್ತಾ ಅಕ್ಕ?"

"ಹೇಗೆ ಹೇಳೋದು? ತವರಿನ ಹಣ್ಣು ಮಾರಿದೆ ಅಂತ ಹೇಳ್ಬೇಕಾ? ಈ ಸಲ ಅದಕ್ಕಿಂತ ದೊಡ್ಡದು ಹೇಳೋಕೆ ಬಂದೆ. ಮೂರು ತಿಂಗಳೊಳಗೆ ದುಡ್ಡು ಕೊಡದಿದ್ರೆ ಮನೆ ಮೇಲೆ ದಾವಾ ಹಾಕ್ತಾರಂತೆ. ನಿನ್ನೆಯಿಂದ ಹೇಳ್ಬೇಕು ಹೇಳ್ಬೇಕು ಅಂತ ಇದ್ದೆ. ಬಾಯಿ ಬರಲಿಲ್ಲ."

ಬೊಳ್ಳಮ್ಮ ಸೊಂಟದ ಮೇಲಿನ ಕೈ ತೆಗೆದಳು. ಗಂಡನಿಗೆ ಪಾಠ ಕಲಿಸಲು ಹೋಗಿ ಈ ಹೆಂಗಸಿನ ವರ್ಷದ ಉಪ್ಪಿಗೇ ಅಡ್ಡ ನಿಂತಿದ್ದೆನಲ್ಲ ಎಂದು ಅವಳಿಗೆ ನಾಚಿಕೆಯಾಯಿತು. ಹೋಗಿ ಅತ್ತಿಗೆಯ ಪಕ್ಕದಲ್ಲಿ ಕೂತಳು.

ಬೋಜಪ್ಪ ಅಕ್ಕನ ಎದುರಿಗೆ ಬಂದು ಕೂತ. ಕೇಳಿದ. "ಒಟ್ಟು ಎಷ್ಟು ಕೊಟ್ಟಿದ್ದೀರಿ ಅಕ್ಕ?"

"ಯಾರು ಲೆಕ್ಕ ಇಟ್ಟಿದ್ದಾರೆ? ಮೆಣಸು ಕೊಟ್ಟೆವು. ದುಡ್ಡೆಲ್ಲಿ ಕೊಟ್ಟೆವು?"

ಆ ಮಾತು ಬೋಜಪ್ಪನದ್ದೇ ಮಾತು. ಬೇರೆಯವರ ಬಾಯಲ್ಲಿ ಕೇಳಿದಾಗ ಅದು ಎಷ್ಟು ಪೆದ್ದಾಗಿ ಕೇಳಿಸುತ್ತದೆ ಎಂದು ಅವನಿಗೆ ಆಗ ಗೊತ್ತಾಯಿತು. ಬೆರಳು ಮಡಚಿ ತಾನೇ ಲೆಕ್ಕ ಹಾಕಿದ. ಬಳ್ಳಿ ಕೆಟ್ಟ ವರ್ಷ, ಚೆನ್ನಾಗಿದ್ದ ವರ್ಷ ಎಲ್ಲ ಸರಿತೂಗಿಸಿ ವರ್ಷಕ್ಕೆ ಅರವತ್ತು ರೂಪಾಯಿಯ ಮೆಣಸು ಎಂದುಕೊಂಡರೂ ಎಂಟು ವರ್ಷಕ್ಕೆ ನಾನೂರ ಎಂಬತ್ತು.

"ತೊಗೊಂಡದ್ದು ಮುನ್ನೂರು. ಕೊಟ್ಟದ್ದು ನಾನೂರ ಎಂಬತ್ತು. ಈಗ ಇನ್ನೂ ಎಷ್ಟು ಕೊಡ್ಬೇಕಂತೆ?"

"ನಾನೂರ ಹತ್ತು."

ಬೋಜಪ್ಪ ಎದ್ದ. ಕುಕ್ಕೆ ಎರಡನ್ನೂ ತಾನೇ ತೆಗೆದುಕೊಂಡು ಹಿತ್ತಲಿಗೆ ಹೋದ. ತುಂಬಿಸಿ ತಂದು ಅಕ್ಕನ ಮುಂದಿಟ್ಟ. "ಮಾರು ಅಕ್ಕ. ನಾಚಿಕೆ ಎಂತದ್ದು? ಇನ್ನು ಮೇಲೆ ನಾನೂ ಮಾರೋದೇ." ಹೆಂಡತಿಯ ಮುಖ ನೋಡದೆ, "ದೇರಪ್ಪನಿಗೆ ಹೇಳಿಕಳ್ಸು, ಬರ್ಲಿ" ಎಂದ.

"ನಾನು ಹೇಳಿಕಳ್ಸೋದಿಲ್ಲ. ಅವನು ಊಟ ಬಿಟ್ಟು ಹೋದದ್ದು ನಿಮ್ಮಿಂದ. ನೀವೇ ಹೋಗಿ ಕರೀರಿ," ಎಂದಳು ಬೊಳ್ಳಮ್ಮ.

ಹೋದ. ಮೊಣ್ಣಪ್ಪನ ಮನೆಗೂ ಹೋದ, ಸಂಘದ ಇನ್ನೊಬ್ಬ ಮೆಂಬರ್ ಅಪ್ಪಯ್ಯನ ಮನೆಗೂ ಹೋದ. ಕೈ ಮುಗಿಯಬೇಕಾಗಿ ಬರಲಿಲ್ಲ. ಇಬ್ಬರೂ ಜಾಮೀನಿಗೆ ರುಜು ಹಾಕಿ, ನಮಗೆ ಬೇಕಾದಾಗ ನೀನೂ ಹಾಕು ಎಂದರು. ಇಷ್ಟಕ್ಕೇ ಅವನು ಮಾನ ಹೋಗುತ್ತದೆ ಎಂದು ಕೂತಿದ್ದ.

ಶುಕ್ರವಾರ ಮಡಿಕೇರಿಗೆ ಹೋಗಿ, ಪತ್ರ ಬೇಡ ಎಂದು ಸಾಹುಕಾರರಿಗೆ ಹೇಳಿ ಬಂದ. ಕುಶಾಲಪ್ಪನವರು ಬೇಸರ ಮಾಡಿಕೊಳ್ಳಲಿಲ್ಲ. ವ್ಯಾಪಾರದ ಜನ. "ಹಾಗಾದ್ರೆ ಈ ವರ್ಷದ ಹಣ್ಣನ್ನ ನನಗೇ ಕೊಡಿ ಬೋಜಪ್ಪ. ನೂರಕ್ಕೆ ಹತ್ತಾಣೆ, ನಾನೇ ಬಂದು ಕೊಯ್ಸಿಕೊಳ್ತೇನೆ" ಎಂದರಂತೆ.

ಇದನ್ನು ಕೇಳಿ ಬೊಳ್ಳಮ್ಮ ಹಣೆ ಚಚ್ಚಿಕೊಂಡಳು. "ಅಯ್ಯೋ ದೇವರೇ! ಹಣ್ಣು ಕೊಂಡ್ಕೊಳ್ತೀರಾ ಅಂತ ಅದೇ ಸಾಹುಕಾರರನ್ನ ಸೋಮವಾರವೇ ಕೇಳಿದ್ರೆ ಅಂದೇ ಹೇಳ್ತಿದ್ರಲ್ಲ! ನಾಲ್ಕು ದಿನ ನನ್ನ ಜೀವ ತೆಗೆದ್ರಲ್ಲ!"

ಬೋಜಪ್ಪ ಹಣ್ಣು ಎಷ್ಟಾಗಿದೆ ನೋಡುವ ನೆಪದಲ್ಲಿ ಹಿತ್ತಲಿಗೆ ಇಳಿದ.

ಮಳೆ ಹಿಡಿಯುವ ಮೊದಲು ಮಾಡಿಗೆ ಹಂಚು ಬಂತು. ಮೊದಲನೇ ಕಂತು ತೊಂಬತ್ತೈದು ರೂಪಾಯಿ ಹಣ್ಣಿನ ದುಡ್ಡಿನಲ್ಲೇ ಕಟ್ಟಿದರು. ಉಳಿದ ಮೂವತ್ತನ್ನು ಬೋಜಪ್ಪ ಅಕ್ಕನ ಕೈಗಿಟ್ಟ. ದೇರಪ್ಪ ಕರಿಕೆಗೆ ಹೋಗಿ ಸಾಲ ಕೊಟ್ಟವರ ಎದುರು ಕೂತು ಮಾತಾಡಿ ದಾವಾ ನಿಲ್ಲಿಸಿದ, ವರ್ಷ ವರ್ಷ ಇಷ್ಟಿಷ್ಟು ಎಂದು ಅಸಲು ತೀರಿಸುವ ಒಪ್ಪಂದ ಬರೆಸಿದ. ಯಮುನನ ಮನೆ ಉಳಿಯಿತು. ಸಾಲ ಇನ್ನೂ ಉಂಟು. ಎಂಟು ವರ್ಷದ ಮೆಣಸು ಹೋದದ್ದು ಹೋಯಿತು, ಅದನ್ನು ಯಾರೂ ತಿರುಗಿ ಕೊಡುವುದಿಲ್ಲ.

ಈಗ ನಿಮ್ಮ ವಿಷಯ. ಇದನ್ನು ಓದುತ್ತಿರುವ ಅಣ್ಣಂದಿರೇ, ಓದಿಸಿ ಕೇಳುತ್ತಿರುವ ಅಕ್ಕಂದಿರೇ, ಮನೆ ಕಟ್ಟಲು ಸಾಲ ಮಾಡಬೇಡಿ ಎಂದು ಸಹಕಾರ ಸಂಘದವರಾದ ನಾವು ಹೇಳುತ್ತಿಲ್ಲ. ಮಾಡಿ. ಹಂಚು ಹಾಕಿಸಿ, ಗೋಡೆ ಎಬ್ಬಿಸಿ. ಆದರೆ ಬಡ್ಡಿ ಇಲ್ಲ ಎನ್ನುವವರ ಹತ್ತಿರವೂ, ಒಂಬತ್ತು ರೂಪಾಯಿ ಬಡ್ಡಿ ಎನ್ನುವ ನಮ್ಮ ಸಂಘದ ಹತ್ತಿರವೂ ಒಂದೇ ಪ್ರಶ್ನೆ ಕೇಳಿ: ಸಾಲ ತೀರುವ ದಿನದ ತನಕ ನನ್ನ ಮನೆಯಿಂದ ಒಟ್ಟು ಎಷ್ಟು ಹೋಗುತ್ತದೆ? ರೊಕ್ಕ ಎಷ್ಟು, ಹಣ್ಣೆಷ್ಟು, ಮೆಣಸೆಷ್ಟು, ಭತ್ತವೆಷ್ಟು, ಎಲ್ಲವನ್ನೂ ರೂಪಾಯಿಯಲ್ಲಿ ಹೇಳಿ ಅನ್ನಿ. ಕಟ್ಟುತ್ತ ಹೋದ ಹಾಗೆ ಅಸಲು ಇಳಿಯುತ್ತದಾ, ಇಲ್ಲವಾ, ಅದನ್ನೂ ಕೇಳಿ. ಬೆಳೆ ಕೆಟ್ಟರೆ ಏನು ಗತಿ ಎಂದು ಪತ್ರದಲ್ಲಿ ಬರೆದಿರುವುದನ್ನು ಎರಡು ಸಲ ಓದಿಸಿ. ಓದಲು ಬಾರದಿದ್ದರೆ ಸಂಘಕ್ಕೆ ಬನ್ನಿ, ಓದಿ ಹೇಳುತ್ತೇವೆ. ಅದಕ್ಕೆ ಒಂದು ಕಾಸೂ ಬೇಡ. ಬರುವಾಗ ಹೆಂಡತಿಯನ್ನೂ ಕರೆದುಕೊಂಡು ಬನ್ನಿ.

ಹೆಬ್ಬೆಟ್ಟು ಒತ್ತುವ ಮೊದಲು ಕೇಳಿ. ಒತ್ತಿದ ಮೇಲೆ ಕೇಳಿದರೆ ಆ ಲೆಕ್ಕ ಹೇಳಲು ನಿಮ್ಮ ಜಗಲಿಗೆ ಬರುವವನು ಜಪ್ತಿ ಮಾಡುವ ಕೋರ್ಟಿನ ಅಮೀನ.